ವಿಜಯಪುರಕ್ಕೆ ಹೋದವರು ತೊರವಿಯನ್ನು ಬಿಟ್ಟು ಬರಬೇಡಿ

ನಿಲ್ದಾಣದ ಹೊರಗೆ ಸಿಕ್ಕ ಆಟೋ ಚಾಲಕರೊಬ್ಬರು ಪಕ್ಕದ ತೊರವಿ ಗ್ರಾಮವೂ ಸೇರಿ ಇಡೀ ಊರು ತೋರಿಸುವುದಾಗಿ ಒಂಬೈನೂರು ರೂಪಾಯಿಗೆ ಒಪ್ಪಿಕೊಂಡು, ಮಧ್ಯಾಹ್ನ ಊರೊಳಗಿನ ಅಪೂರ್ಣ ಗೋರಿ ಬಾರಾ ಕಮಾನಿನ ಮುಂದೆ ನನ್ನನ್ನು ಇಳಿಸಿ, "ತೊರವ್ಯಾಗ ಏನೂ ಉಳಿದಿಲ್ರೀ, ಬರೇ ಕಲ್ಲು" ಎಂದು ಪೂರ್ತಿ ಹಣ ಪಡೆದು ಹೊರಟುಹೋದರು. ಆದ್ದರಿಂದ ಹೋಗಬೇಕಾದ ಜಾಗಗಳ ಹೆಸರನ್ನು ಮೊದಲೇ ಬರೆದು ತೋರಿಸಿ, ಹಣವನ್ನು ಕೊನೆಯ ಜಾಗ ತಲುಪಿದ ಮೇಲೆ ಕೊಡಿ.

ಮರುದಿನ ಬೆಳಿಗ್ಗೆ ಬಸ್ಸಿನಲ್ಲಿ ನಾನೇ ತೊರವಿಗೆ ಹೋದೆ. ವಿಜಯಪುರದ ಸುಲ್ತಾನ ಎರಡನೆಯ ಇಬ್ರಾಹಿಂ ಆದಿಲ್ ಶಾಹ 1599ರಲ್ಲಿ ಸಂಗೀತ, ಸಾಹಿತ್ಯಗಳ ಮೇಲಿನ ಪ್ರೀತಿಯಿಂದ ಕಟ್ಟಲು ತೊಡಗಿದ ನವರಸಪುರ ಇಲ್ಲಿಯೇ ಇತ್ತು. 1624ರಲ್ಲಿ ಅಹಮದ್‌ನಗರದ ಸೇನಾನಿ ಮಲಿಕ್ ಅಂಬರನ ಸೈನ್ಯ ಅದನ್ನು ಹಾಳುಮಾಡಿತು. ಔರಂಗಜೇಬ 1686ರಲ್ಲಿ ರಾಜಧಾನಿಯನ್ನೇ ಗೆದ್ದು, ಕೊನೆಯ ಸುಲ್ತಾನ ಸಿಕಂದರನನ್ನು ಸೆರೆಹಿಡಿದದ್ದನ್ನು ನಾವೆಲ್ಲ ಶಾಲೆಯಲ್ಲಿ ಓದಿದ್ದೇವೆ, ಆದರೆ ಅದಕ್ಕೂ ಅರವತ್ತೆರಡು ವರ್ಷ ಮೊದಲೇ ಒಂದು ನಗರ ಹೀಗೆ ಅಳಿದದ್ದು ನನಗೆ ತಿಳಿದಿರಲಿಲ್ಲ. ಸಂಗೀತ ಮಹಲಿನ ಎತ್ತರದ ಕಮಾನು ಈಗಲೂ ನಿಂತಿದೆ, ಮೇಲೆ ಚಾವಣಿಯಿಲ್ಲ. ಅದರ ಬುಡದಲ್ಲಿ ಉದುರಿ ಬಿದ್ದ ಗಾರೆಯ ತುಂಡೊಂದರಲ್ಲಿ, ಉಗುರಿನಷ್ಟೇ ಅಗಲದ ಹೂವಿನ ಎಸಳೊಂದು ಅಳಿಯದೆ ಉಳಿದಿತ್ತು. ನಾನು ಬಹಳ ಹೊತ್ತು ಅದರ ಪಕ್ಕದಲ್ಲೇ ಕುಳಿತಿದ್ದೆ.

ತೊರವಿಯ ಕಡೆಯಿಂದಲೇ ನೆಲದೊಳಗಿನ ಕಾಲುವೆಗಳು ನಗರಕ್ಕೆ ನೀರು ತರುತ್ತಿದ್ದವು. ಊರೊಳಗೆ ಮನೆಗಳ ನಡುವೆ ಸಿಕ್ಕಿಕೊಂಡಿರುವ, ಗಂಜ್ ಎಂದು ಕರೆಯುವ ನೀರಿನ ಗೋಪುರಗಳನ್ನೂ ತಾಜ್ ಬಾವಡಿ ಎಂಬ ದೊಡ್ಡ ಬಾವಿಯನ್ನೂ ಇದಾದ ಮೇಲೆ ನೋಡಿದರೆ, ಲಕ್ಷಾಂತರ ಜನರಿದ್ದ ರಾಜಧಾನಿಯನ್ನು ಈ ಒಣನೆಲದಲ್ಲಿ ಸಾಕಿದ್ದು ಹೇಗೆಂಬುದು ಅರ್ಥವಾಗುತ್ತದೆ.

ಗೋಲಗುಮ್ಮಟಕ್ಕೆ ಭಾನುವಾರ ಹೋಗಬೇಡಿ. ಪಿಸುಮಾತಿನ ಗ್ಯಾಲರಿಯಲ್ಲಿ ನೂರಾರು ಜನ ಒಟ್ಟಿಗೆ ಕೂಗುತ್ತಿದ್ದರೆ ಯಾರ ಪಿಸುಮಾತೂ ಕೇಳುವುದಿಲ್ಲ. ವಾರದ ದಿನ ಬೆಳಿಗ್ಗೆ ಬಾಗಿಲು ತೆರೆದ ಕೂಡಲೇ ಮೆಟ್ಟಿಲು ಹತ್ತಿ.

ಊಟಕ್ಕೆ ಮಾತ್ರ ದೊಡ್ಡ ಹೋಟೆಲು ಹುಡುಕಬೇಡಿ. ಬಸ್ ನಿಲ್ದಾಣದ ಹಿಂದಿನ ಓಣಿಯ ಖಾನಾವಳಿಯೊಂದರಲ್ಲಿ ಹೆಂಚಿನಿಂದ ಆಗಷ್ಟೇ ಇಳಿದ ಬಿಸಿ ಜೋಳದ ರೊಟ್ಟಿ, ಬದನೆಕಾಯಿ ಎಣ್ಣೆಗಾಯಿ, ಕಾಳಿನ ಪಲ್ಯ, ಗಟ್ಟಿ ಮೊಸರು ಸುರಿದ ಶೇಂಗಾ ಹಿಂಡಿ, ಹಸಿ ಉಳ್ಳಾಗಡ್ಡಿ ಬಡಿಸಿದರು. ನಾನು ಕೈ ಅಡ್ಡ ಹಿಡಿದರೂ ಬಡಿಸುವ ಅಮ್ಮ, "ದೂರದಿಂದ ಬಂದೀರಿ, ಹೊಟ್ಟಿ ತುಂಬ ಉಣ್ರೀ" ಎಂದು ಮತ್ತೊಂದು ರೊಟ್ಟಿ ಇಟ್ಟರು; ಆ ರೊಟ್ಟಿಗೆ ಹಣವನ್ನೂ ತೆಗೆದುಕೊಳ್ಳಲಿಲ್ಲ. ತೊರವಿಗೆ ಹೊರಡುವ ಮುನ್ನ ಇಲ್ಲಿಯೇ ಉಂಡು, ಕುಡಿಯುವ ನೀರನ್ನು ತುಂಬಿಕೊಂಡು ಹೋಗಿ.