ಮೊರಡಿನಾಡಿನ ಪದಕ್ಕೆ ಒಂದು ಛಂದಸ್ಸು

18 ಜನವರಿ 2026, ಭಾನುವಾರ
ಬಳ್ಳಾರಿ

ನಾನು ಬರೆಯುತ್ತಿರುವ ಕಾದಂಬರಿಯ ಮೊರಡಿನಾಡಿನಲ್ಲಿ ಲಿಪಿಯಿಲ್ಲ, ಗುಡಿಯೂ ಇಲ್ಲ. ಬಡಿದರೆ ದನಿ ಕೊಡುವ ಕಲ್ಲುಗಳಿವೆ, ಅವುಗಳ ಮುಂದೆ ನಿಂತು ಹೇಳುವ ಪದಗಳಿವೆ, ಅಂದರೆ ಹಾಡುಗಳು. ಅಲ್ಲಿಯ ಜನಕ್ಕೆ ದೇವರೆಂದರೆ ಇಷ್ಟೇ. ಆ ಪದಗಳು ಹೇಗಿರಬೇಕೆಂಬುದು ಗಟ್ಟಿಯಾಗದೆ ಕಥೆ ಮುಂದೆ ಹೋಗುವಂತಿರಲಿಲ್ಲ. ಇವತ್ತು ಅದು ಗಟ್ಟಿಯಾಯಿತು.

ಕಲ್ಲುಗಳನ್ನು ನಾನು ಹುಟ್ಟಿಸಿದ್ದಲ್ಲ. ಬಳ್ಳಾರಿ ಹತ್ತಿರದ ಸಂಗನಕಲ್ಲು, ಕಪ್ಪಗಲ್ಲಿನ ಗುಡ್ಡದಲ್ಲಿ ಗ್ರಾನೈಟ್ ಬಂಡೆಗಳ ನಡುವೆ ಡಾಲರೈಟ್ ಎಂಬ ಕಲ್ಲಿನ ಕರಿಪಟ್ಟೆಯೊಂದು ಹಾದುಹೋಗಿದೆ. ಅದರ ಕೆಲವು ಬಂಡೆಗಳನ್ನು ಗುಂಡುಕಲ್ಲಿನಿಂದ ಬಡಿದರೆ ಗಂಟೆಯ ನಾದ ಬರುತ್ತದೆ. ಹೊಸ ಶಿಲಾಯುಗದ ದನಗಾಹಿ ಜನ ಅಲ್ಲಿ ಕೊಂಬಿನ ಎತ್ತುಗಳನ್ನು, ಮನುಷ್ಯರನ್ನು ಕುಟ್ಟಿ ಮೂಡಿಸಿದ್ದಾರೆ. ಕೆಲವು ಚಿತ್ರಗಳು ಕೈಗೆ ಸುಲಭವಾಗಿ ಎಟುಕದ ಜಾಗದಲ್ಲಿವೆ. ನಾದ ಕೊಡುವ ಬಂಡೆಗಳ ಮೇಲೆ ಬಡಿದು ಬಡಿದು ಬಿದ್ದ ಗುಳಿಗಳಿವೆ. ಬೆರಳು ಆ ಗುಳಿಯಲ್ಲಿ ಕೂತಾಗಲೆಲ್ಲ ನನಗೆ ಮೈ ಜುಮ್ಮೆನ್ನುತ್ತದೆ. ಅಷ್ಟು ಸಲ ಬಡಿದವರು ಬಾಯಿ ಮುಚ್ಚಿಕೊಂಡು ಬಡಿದಿರಲಾರರು ಎಂದು ನನ್ನ ನಂಬಿಕೆ. ಕಲ್ಲು ಉಳಿದಿದೆ, ಅವರ ನುಡಿ ಒಂದಕ್ಷರವೂ ಉಳಿದಿಲ್ಲ. (ಸುತ್ತಮುತ್ತ ಕಲ್ಲು ಒಡೆಯುವ ಕೆಲಸ ನೋಡಿದರೆ ಕಲ್ಲಿನ ಬಗ್ಗೆಯೂ ಎದೆ ಹೊಡೆದುಕೊಳ್ಳುತ್ತದೆ.)

ವೇದಪಾಠದಲ್ಲಿ ಇದಕ್ಕೆ ತಿರುಗುಮುರುಗು. ಕಲ್ಲಿನ ಆಸರೆ ಇಲ್ಲದೆ, ಬಾಯಿಂದ ಬಾಯಿಗೆ, ಸಾವಿರಾರು ವರ್ಷ ನುಡಿ ಉಳಿದು ಬಂತು. ಉದಾತ್ತ, ಅನುದಾತ್ತ, ಸ್ವರಿತ ಎಂದು ದನಿಯ ಏರಿಳಿತವನ್ನು ಕಟ್ಟಿಹಾಕಿದರು. ಅದೂ ಸಾಲದೆಂದು ಒಂದೊಂದು ಪದವನ್ನೂ ಅಕ್ಕಪಕ್ಕದ ಪದಗಳಿಗೆ ಹೆಣೆದರು. ಕಲ್ಲು, ಗಾಳಿ, ಮಳೆ ಎಂಬ ಮೂರು ಪದಗಳಿವೆ ಎಂದುಕೊಳ್ಳಿ. ಕ್ರಮಪಾಠದಲ್ಲಿ ಕಲ್ಲು ಗಾಳಿ, ಗಾಳಿ ಮಳೆ ಎಂದು ಸಾಗುತ್ತದೆ. ಜಟೆಯಲ್ಲಿ ಕಲ್ಲು ಗಾಳಿ, ಗಾಳಿ ಕಲ್ಲು, ಕಲ್ಲು ಗಾಳಿ. ಘನಪಾಠದಲ್ಲಿ ಕಲ್ಲು ಗಾಳಿ, ಗಾಳಿ ಕಲ್ಲು, ಕಲ್ಲು ಗಾಳಿ ಮಳೆ, ಮಳೆ ಗಾಳಿ ಕಲ್ಲು, ಕಲ್ಲು ಗಾಳಿ ಮಳೆ. ಹೀಗೆ ಹಿಂದೆ ಮುಂದೆ ಹೇಳುವಾಗ ಒಂದು ಪದ ಜಾರಿದರೂ ಪಕ್ಕದವನ ಕಿವಿಗೆ ತಟ್ಟನೆ ಬೀಳುತ್ತದೆ. ಯುನೆಸ್ಕೊ 2008ರಲ್ಲಿ ವೇದಪಾಠವನ್ನು ತನ್ನ ಪರಂಪರೆಯ ಪಟ್ಟಿಗೆ ಸೇರಿಸಿತು. ನನ್ನನ್ನು ಹಿಡಿದಿಟ್ಟದ್ದು ಮಾತ್ರ ಆ ಕಾವಲಿನ ಜಾಣ್ಮೆ.

ಕಲ್ಪನೆಯ ಲೋಕಕ್ಕೆ ಮಂತ್ರ ಬರೆಯುವವರು ಬಹಳ ಸಲ ನಾಲಿಗೆ ತೊಡರುವ ಗೂಢ ಶಬ್ದಗಳನ್ನು ಪೋಣಿಸಿಬಿಡುತ್ತಾರೆ. ಓದಿದವರಿಗೆ ಅದು ಮಂತ್ರದ ವೇಷ ಎಂದು ಕೂಡಲೇ ತಿಳಿಯುತ್ತದೆ. ಯಾರು ಹೇಳಬೇಕು, ಯಾರ ಬಾಯಿಂದ ಕಲಿಯಬೇಕು, ಎಲ್ಲಿ ಉಸಿರು ಎಳೆಯಬೇಕು, ತಪ್ಪಿದರೆ ತಿದ್ದುವವರು ಯಾರು, ಇಷ್ಟು ಗೊತ್ತಿದ್ದರೆ ಸಾಮಾನ್ಯ ಮಾತೂ ಮಂತ್ರವಾಗುತ್ತದೆ. ಅದಕ್ಕೇ ಮೊರಡಿನಾಡಿಗೆ ನಾನು ಮೂರು ಸಾಲಿನ ತ್ರಿಪದಿಯನ್ನು ಕೊಟ್ಟೆ. ಬೀಸುವ ಕಲ್ಲಿನ ಮುಂದೆ ನಮ್ಮ ಹೆಣ್ಣುಮಕ್ಕಳು ತಲೆತಲಾಂತರ ಹಾಡಿದ ಮಟ್ಟು ಅದು. ಬಾದಾಮಿಯ ಕಪ್ಪೆ ಅರಭಟ್ಟನ ಶಾಸನದಲ್ಲೂ ಅದೇ ಇದೆ. ಒಟ್ಟು 11 ಗಣ, ಅಂದರೆ ಅಕ್ಷರಗಳ ಗುಂಪು; ಆರನೆಯದೂ ಹತ್ತನೆಯದೂ ಚಿಕ್ಕವು, ಉಳಿದವು ದೊಡ್ಡವು.

ಮೊದಲ ಪದ ಹೀಗೆ ಬಂತು:

ಕಲ್ಲಿನೊಳಗಿರುವವ್ವ ಸೊಲ್ಲೆತ್ತಿ ಕರೆದೇನ
ಎಲ್ಲಿದ್ದಿ ತಾಯಿ ಮೂಡಣದ ಗುಡ್ಡದಲಿ
ಬಲ್ಲವರ ಎದೆಗೆ ದನಿಯಾಗು

ಸಂಜೆ ದೊಡ್ಡವ್ವ ಅವರೆಕಾಯಿ ಬಿಡಿಸುತ್ತ ಕೂತಿದ್ದಳು. ಓದಿ ತೋರಿಸಿದೆ.

“ಓದಿದ್ರ ಏನು ಗೊತ್ತಾಕ್ಕೈತವ್ವಾ? ಹಾಡು.”

“ನನಗ ರಾಗ ಬರಂಗಿಲ್ಲ ದೊಡ್ಡವ್ವಾ, ನೀನ ಹಾಡು.”

ಸಾಲು ಸಾಲಾಗಿ ಹೇಳಿಸಿಕೊಂಡು ಹಾಡಿದಳು. ಎರಡನೆಯ ಸಾಲು ಮುಗಿದಾಗ ಮುಂದಕ್ಕೆ ಹೋಗಲಿಲ್ಲ. “ಎಲ್ಲಿದ್ದಿ ತಾಯಿ” ಎಂದು ಮತ್ತೊಮ್ಮೆ ಎಳೆದು, ಆಮೇಲೆ ಮೂರನೆಯ ಸಾಲಿಗೆ ಇಳಿದಳು. ಹಾಳೆಯ ಮೇಲೆ ಸುಮ್ಮನೆ ಪ್ರಶ್ನೆಯಾಗಿದ್ದದ್ದು ಅವಳ ಗಂಟಲಲ್ಲಿ ಮೊರೆಯಾಯಿತು. ಯಾಕೆ ತಿರುಗಿ ಹಾಡಿದೆ ಎಂದು ಕೇಳಿದೆ.

“ಕರದ ಮ್ಯಾಲ ಒಂದೀಟು ಕಾಯಬೇಕಲ್ಲವಾ. ಬರಾಕ ಹೊತ್ತು ಬೇಕಲ್ಲ ಆಕಿಗೆ.”

ಮೊರಡಿನಾಡಿನ ಕಟ್ಟಳೆ ಇದರಿಂದಲೇ ಹುಟ್ಟಿತು. ಒಬ್ಬಳು ಹೇಳುವವಳು, ಒಬ್ಬಳು ಕಾಯುವವಳು. ಎರಡನೆಯ ಸಾಲನ್ನು ಕಾಯುವವಳು ಮರಳಿ ಹೇಳಬೇಕು. ಅವಳ ಬಾಯಲ್ಲಿ ಅದು ಅಕ್ಷರಕ್ಕೆ ಅಕ್ಷರ ಕೂಡಿದರೆ ಮಾತ್ರ ಮೂರನೆಯ ಸಾಲು. ಕೂಡದಿದ್ದರೆ ಇಬ್ಬರೂ ಮೊದಲಿನಿಂದ ಹೇಳಬೇಕು. ಚಿಕ್ಕ ಗಣ ಬಂದ ಕಡೆ ಉಳಿಯುವ ಬಿಡುವಿನಲ್ಲಿ ಕಲ್ಲಿಗೆ ಒಂದು ಪೆಟ್ಟು: “ತಾಯಿ” ಆದ ಮೇಲೆ ಒಂದು, “ಎದೆಗೆ” ಆದ ಮೇಲೆ ಒಂದು. ತೊಡೆ ತಟ್ಟಿ ನೋಡಿದೆ, ಸರಿಯಾಗಿ ಕೂರುತ್ತದೆ.

ಏಳನೆಯ ಅಧ್ಯಾಯದಲ್ಲಿ ಕಾಯುವವಳು ಸಾಯುತ್ತಾಳೆ. ಹೇಳುವವಳಿಗೆ ಎಲ್ಲ ಪದಗಳೂ ಬಾಯಿಪಾಠ, ಆದರೆ ಮರಳಿ ಹೇಳುವವರಿಲ್ಲದೆ ಒಂದನ್ನೂ ಮೂರನೆಯ ಸಾಲಿಗೆ ಒಯ್ಯುವಂತಿಲ್ಲ. ಬೇರೆ ಕುಲದ ಹುಡುಗಿಯೊಬ್ಬಳು ಬೇಲಿಯಾಚೆ ನಿಂತು ಕೇಳಿ ಕಲಿತಿದ್ದಾಳೆ. ಅವಳನ್ನು ಕಲ್ಲಿನ ಹತ್ತಿರ ಬಿಡುತ್ತಾರೋ ಇಲ್ಲವೋ, ಅದನ್ನು ನಾಳೆ ಬರೆಯಬೇಕು. ಬಿಡಲೇಬೇಕೆಂದು ನನ್ನ ಆಸೆ.