ಅಮಾವಾಸ್ಯೆಯ ರಾತ್ರಿ ಬೆಟ್ಟದ ಮೇಲೆ

ಅಮಾವಾಸ್ಯೆ ನೋಡಿಕೊಂಡೇ ಹೊರಟಿದ್ದೆವು. ಬೆಟ್ಟದ ತುದಿಯಲ್ಲಿ ಟೆಂಟ್ ಹಾಕಿ, ಮನಸಾರೆ ನಕ್ಷತ್ರ ನೋಡಬೇಕು ಅನ್ನುವುದಷ್ಟೇ ಆಸೆ.

ಹತ್ತುವಾಗ ದಾರಿ ತೋರಿಸಿದ್ದು ಫೋನೇ. ಅರ್ಧ ದಾರಿಯಲ್ಲಿ ನೆಟ್‌ವರ್ಕ್ ಹೋದರೂ ಮ್ಯಾಪಿನ ನೀಲಿ ಚುಕ್ಕೆ ನಮ್ಮ ಜೊತೆಗೇ ಸಾಗುತ್ತಿತ್ತು. ಜಿಪಿಎಸ್‌ಗೆ ಟವರ್ ಬೇಕಿಲ್ಲ. ಸುಮಾರು 20,000 ಕಿಲೋಮೀಟರ್ ಎತ್ತರದ ಉಪಗ್ರಹಗಳ ಸಿಗ್ನಲ್ ಸಿಕ್ಕರೆ ಸಾಕು. ಹಾಗಾಗಿ ಫೋನನ್ನು ಸುಮ್ನೆ ಬೈಯಲು ನನಗೆ ಮನಸ್ಸಿಲ್ಲ.

ತುದಿ ತಲುಪಿದಾಗ ಸೂರ್ಯ ಮುಳುಗುತ್ತಿದ್ದ. ಎಲ್ಲರೂ ಫೋಟೋ ತೆಗೆಯತೊಡಗಿದರು. ಒಬ್ಬ ಗೆಳತಿ ಮಾತ್ರ ಕಲ್ಲಿನ ಸಂದಿಯ ಒಂದು ಹೂವಿನ ಮುಂದೆ ತುಂಬಾ ಹೊತ್ತು ಕೂತಿದ್ದಳು. ಲಿಂಡಾ ಹೆಂಕೆಲ್ ಎಂಬ ಮನಶ್ಶಾಸ್ತ್ರಜ್ಞೆ ಮ್ಯೂಸಿಯಂ ಒಂದರಲ್ಲಿ ಮಾಡಿದ ಪ್ರಯೋಗ 2014ರಲ್ಲಿ ಪ್ರಕಟವಾಯಿತು. ಬರೀ ನೋಡಿದ ವಸ್ತುಗಳಿಗಿಂತ ಫೋಟೋ ತೆಗೆದ ವಸ್ತುಗಳು ಜನರಿಗೆ ಕಡಿಮೆ ನೆನಪಿದ್ದವು. ಆದರೆ ಒಂದು ಭಾಗವನ್ನು ಝೂಮ್ ಮಾಡಿ ತೆಗೆದಾಗ ನೆನಪು ಕುಂದಲಿಲ್ಲ. ಆ ಹೂವು ಅವಳಿಗೆ ಖಂಡಿತ ನೆನಪಿರುತ್ತದೆ ಅಂತ ನನ್ನ ನಂಬಿಕೆ.

ನಿಜವಾದ ತೊಂದರೆ ಶುರುವಾಗಿದ್ದು ಕತ್ತಲಾದ ಮೇಲೆ. ಕತ್ತಲಲ್ಲಿ ನೋಡುವುದು ಕಣ್ಣಿನ ರಾಡ್ ಕೋಶಗಳ ಕೆಲಸ. ಅವುಗಳಲ್ಲಿರುವ ರೊಡಾಪ್ಸಿನ್ ಎಂಬ ಬೆಳಕು ಹಿಡಿಯುವ ವಸ್ತು, ಬೆಳಕು ತಾಗಿದರೆ ಒಡೆದುಹೋಗುತ್ತದೆ. ಮತ್ತೆ ಕೂಡಿಕೊಳ್ಳಲು 20ರಿಂದ 30 ನಿಮಿಷವಾದರೂ ಬೇಕು. ನಮ್ಮಲ್ಲಿ ಯಾರೋ ಟೈಮ್ ನೋಡುವರು, ಇನ್ಯಾರೋ ಸಂಜೆಯ ಫೋಟೋ ತೆರೆಯುವರು. ಪ್ರತಿ ಸಲವೂ ಪಕ್ಕದಲ್ಲಿದ್ದವರ ಕಣ್ಣಿಗೂ ಬೆಳಕು. ಆಕಾಶ ತುಂಬಾ ಸ್ವಚ್ಛವಾಗಿತ್ತು, ಆದರೂ ನಮಗೆ ಕಾಣುತ್ತಿದ್ದುದು ದೊಡ್ಡ ನಕ್ಷತ್ರಗಳು ಮಾತ್ರ. ಇಷ್ಟು ದೂರ ಬಂದು ಹೀಗಾದರೆ ಬೇಸರವಾಗುತ್ತೆ, ಅಲ್ವಾ?

ಕೊನೆಗೆ ಫೋನ್‌ಗಳೆಲ್ಲ ಬ್ಯಾಗ್ ಸೇರಿದವು. ಒಂದು ಮಂದ ಕೆಂಪು ಟಾರ್ಚ್ ಮಾತ್ರ ಉಳಿಸಿಕೊಂಡೆವು, ಕೆಂಪು ಬೆಳಕು ರಾಡ್‌ಗಳನ್ನು ಅಷ್ಟಾಗಿ ಕೆಣಕುವುದಿಲ್ಲ. ನಿಧಾನಕ್ಕೆ ಆಕಾಶಗಂಗೆ ಕಾಣಿಸಿತು, ಆಮೇಲೆ ಅದರೊಳಗಿನ ಕಪ್ಪು ಪಟ್ಟಿಗಳೂ. ಆಂಡ್ರೊಮಿಡಾ ಎಂಬ ಇನ್ನೊಂದು ಗ್ಯಾಲಕ್ಸಿ ಮಸುಕಾದ ಮಚ್ಚೆಯಂತಿತ್ತು. ನೇರ ನೋಡಿದರೆ ಮಾಯ, ಸ್ವಲ್ಪ ಪಕ್ಕಕ್ಕೆ ನೋಡಿದರೆ ಪ್ರತ್ಯಕ್ಷ. ಕಣ್ಣಿನ ನಟ್ಟನಡುವೆ ರಾಡ್‌ಗಳೇ ಇಲ್ಲವಲ್ಲ! ಆಂಡ್ರೊಮಿಡಾದ ಆ ಬೆಳಕು ಹೊರಟು ಸುಮಾರು 25 ಲಕ್ಷ ವರ್ಷವಾಗಿದೆ. ಅದಕ್ಕಾಗಿ ಅರ್ಧ ಗಂಟೆ ಕಾಯುವುದು ಏನೇನೂ ಜಾಸ್ತಿಯಲ್ಲ.

ಇಳಿಯುವಾಗ ಮುಂದಿನ ಸಲಕ್ಕೆ ಒಂದು ಮಾತಾಯಿತು: ಕತ್ತಲಾದ ಮೇಲೆ ತುರ್ತಿಗೆ ಒಂದೇ ಫೋನ್ ಆನ್ ಇರಲಿ, ಅದೂ ಟೆಂಟಿನೊಳಗೆ.