ಮೂಳೆಯಲ್ಲಿ ಬೇರು ಬಿಡುವ ಹುಳು

ತುಮಕೂರಿನ ನಮ್ಮ ತೋಟದಲ್ಲಿ ತೆಂಗಿನ ಪಾತಿ ಅಗೆದಾಗ ಮೇಲೆ ಬರುವ ಎರೆಹುಳುವಿಗೆ ಸಮುದ್ರದಾಳದಲ್ಲಿ ಒಸೆಡ್ಯಾಕ್ಸ್ ಎಂಬ ದೂರದ ನಂಟಿದೆ. ಕ್ಯಾಲಿಫೋರ್ನಿಯಾದ ಮಾಂಟೆರೆ ಕೊಲ್ಲಿಯಲ್ಲಿ, ಸುಮಾರು 2,900 ಮೀಟರ್ ಆಳದಲ್ಲಿ ಬಿದ್ದಿದ್ದ ತಿಮಿಂಗಿಲದ ಮೂಳೆಗಳ ಮೇಲೆ 2002ರಲ್ಲಿ ಸಿಕ್ಕ ಈ ಕುಲಕ್ಕೆ 2004ರಲ್ಲಿ ಹೆಸರಿಡಲಾಯಿತು. ಬಾಯಿಯೂ ಕರುಳೂ ಇಲ್ಲದ ಹೆಣ್ಣು ಹುಳು ಬೇರಿನಂಥ ಅಂಗವನ್ನು ಮೂಳೆಯೊಳಕ್ಕೆ ಇಳಿಸಿ, ಆಮ್ಲ ಸ್ರವಿಸಿ ಅದನ್ನು ಕರಗಿಸುತ್ತದೆ. ಆ ಬೇರಿನಲ್ಲಿ ನೆಲೆಸಿದ ಬ್ಯಾಕ್ಟೀರಿಯಾಗಳೇ ಅದರ ಪೋಷಣೆಗೆ ಆಧಾರ. ಬಹುತೇಕ ಪ್ರಭೇದಗಳಲ್ಲಿ ಗಂಡುಗಳು ಹೆಣ್ಣು ವಾಸಿಸುವ ಕೊಳವೆಯೊಳಗೇ ಸೂಕ್ಷ್ಮಗಾತ್ರದಲ್ಲಿ ಬದುಕುತ್ತವೆ (ಮನೆ ಅಳಿಯತನವೆಂದರೆ ಇದೇ ಇರಬೇಕು).

ನನಗೆ ಇದಕ್ಕಿಂತ ಸ್ವಾರಸ್ಯವೆನಿಸಿದ್ದು ಇದರ ವರ್ಗೀಕರಣ. ಇದರ ಬಳಗದ ಪೊಗೊನೊಫೊರಗಳನ್ನು (ಕೊಳವೆಯಲ್ಲಿ ಬದುಕುವ ಸಮುದ್ರದ ಹುಳುಗಳನ್ನು) ಬಹುಕಾಲ ಪ್ರತ್ಯೇಕ ವಂಶ, ಅಂದರೆ ಪ್ರಾಣಿಗಳ ಬೇರೆಯೇ ಒಂದು ದೊಡ್ಡ ವಿಭಾಗ ಎಂದೇ ಎಣಿಸಲಾಗಿತ್ತು. 1960ರ ದಶಕದಲ್ಲಿ, ಅದುವರೆಗೆ ಕೈಗೆ ಸಿಗದಿದ್ದ ಅವುಗಳ ದೇಹದ ಹಿಂತುದಿಯಲ್ಲಿ ಖಂಡಗಳೂ ಬಿರುಗೂದಲುಗಳೂ ಕಂಡವು; ಇವು ಎರೆಹುಳು ಸೇರಿರುವ ವಲಯವಂತಗಳ ಗುರುತು. ಮುಂದೆ ಡಿಎನ್ಎ ಹೋಲಿಕೆಯೂ ಆ ನಂಟನ್ನೇ ಹೇಳಿದ ಮೇಲೆ, ಇಡೀ ಬಳಗವು ಸಿಬೊಗ್ಲಿನಿಡೇ ಎಂಬ ಒಂದೇ ಕುಟುಂಬವಾಗಿ ವಲಯವಂತಗಳೊಳಗೆ ಸೇರಿತು.